ಎಂಟು ತಿಂಗಳ ಅಂತರದ ಎರಡು ಮಾತು: ಒಂದು ಸಾಕ್ಷ್ಯಚಿತ್ರ ಸಂಕಲನದ ಪ್ರಕರಣ ಅಧ್ಯಯನ

ಬೇರೆ ಬೇರೆ ದಿನ ಆಡಿದ ಮಾತುಗಳನ್ನು ಜೋಡಿಸಿ ಒಂದೇ ಉತ್ತರ ಮಾಡುವುದು ಸಾಕ್ಷ್ಯಚಿತ್ರದ ಎಡಿಟರ್‌ಗಳಿಗೆ ದಿನದ ಕೆಲಸ. ‘ಅಂದ್ರೆ’, ‘ಏನಂದ್ರೆ’ಗಳನ್ನು ತೆಗೆಯುತ್ತಾರೆ. ಎರಡು ಸಲ ಹೇಳಿದ್ದನ್ನು ಒಂದು ಸಲಕ್ಕೆ ಇಳಿಸುತ್ತಾರೆ. ಹೆಚ್ಚಿನ ಸಲ ಇದರಿಂದ ಯಾರಿಗೂ ಏನೂ ಆಗುವುದಿಲ್ಲ, ಮಾತಾಡಿದವರಿಗೂ ಅದೇ ಬೇಕಿರುತ್ತದೆ. ಈ ಪ್ರಕರಣದಲ್ಲಿ ಹಾಗಾಗಲಿಲ್ಲ.

ರಫ್ ಕಟ್, ಅಂದರೆ ಚಿತ್ರದ ಮೊದಲ ಕಚ್ಚಾ ಜೋಡಣೆ, ನೋಡಿ ಅಭಿಪ್ರಾಯ ಹೇಳಲು ಹೊರಗಿನ ಎಡಿಟರ್ ಒಬ್ಬರು ಬೇಕೆಂದು ನನ್ನನ್ನು ಕರೆದಿದ್ದರು. ಅಲ್ಲಿಂದ ಕೊನೆಯವರೆಗೂ ಹತ್ತಿರದಿಂದ ನೋಡಿದೆ. ಎಡಿಟರ್ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. ಹೆಸರು, ಜಾಗ, ಚಿತ್ರದ ಶೀರ್ಷಿಕೆ ಬಿಟ್ಟಿದ್ದೇನೆ. ಗುರುತು ಸಿಗಬಹುದಾದ ಕೆಲವು ವಿವರ ಬದಲಿಸಿದ್ದೇನೆ. ಯಾರು ಯಾವಾಗ ಏನು ತೀರ್ಮಾನ ಮಾಡಿದರು ಅನ್ನುವುದು ಮಾತ್ರ ನಡೆದಂತೆಯೇ ಇದೆ.

ಹಿನ್ನೆಲೆ

ಎಡಿಟರ್‌ಗೆ ಆಗ ಮೂವತ್ತರ ಆಸುಪಾಸು. ಸಹಾಯಕ ಎಡಿಟರ್ ಆಗಿ ಕೆಲಸ ಶುರು ಮಾಡಿದವರು. ಕಾರ್ಡಿನಿಂದ ಫುಟೇಜ್ ಇಳಿಸುವುದು, ಎರಡು ಕಡೆ ಬ್ಯಾಕಪ್ ಇಡುವುದು, ಎಡಿಟಿಂಗ್‌ಗೆ ಹಗುರವಾದ ಪ್ರತಿ (ಪ್ರಾಕ್ಸಿ) ಮಾಡುವುದು, ಬೇರೆಯಾಗಿ ರೆಕಾರ್ಡ್ ಆದ ಧ್ವನಿಯನ್ನು ಚಿತ್ರದ ಜೊತೆ ಸಿಂಕ್ ಮಾಡುವುದು, ಪ್ರತಿ ಕ್ಲಿಪ್‌ನಲ್ಲಿ ಏನಿದೆ ಎಂದು ಲಾಗ್ ಬರೆಯುವುದು. ಯಾರ ಕಣ್ಣಿಗೂ ಬೀಳದ, ಆದರೆ ತಪ್ಪಿದರೆ ಇಡೀ ಚಿತ್ರವೇ ನಿಲ್ಲುವ ಕೆಲಸ. ಆಮೇಲೆ ಕೆಲವು ವರ್ಷ ಜಾಹೀರಾತು, ಪ್ರೋಮೋ. ಮೂವತ್ತು ಸೆಕೆಂಡಿನಲ್ಲಿ ನೋಡುಗರನ್ನು ಹಿಡಿದು ಕೂರಿಸುವ ಕೈಚಳಕ ಅಲ್ಲಿ ಬಂತು. ಪೂರ್ಣಾವಧಿಯ ಸಾಕ್ಷ್ಯಚಿತ್ರ ಅವರಿಗೆ ಇದೇ ಮೊದಲು.

ಚಿತ್ರ ಇಬ್ಬರು ಅಣ್ಣತಮ್ಮಂದಿರದು. ಅಪ್ಪ ಬಿಟ್ಟುಹೋದ ಅಚ್ಚುಕೂಟವನ್ನು ನಡೆಸುತ್ತಿದ್ದವರು. ಸೀಸದ ಮೊಳೆ (ಒಂದೊಂದು ಅಕ್ಷರದ ಅಚ್ಚು) ಜೋಡಿಸಿ ಮುದ್ರಿಸುವ ಹಳೇ ಪದ್ಧತಿ. ಅದು ನಿಧಾನವಾಗಿ ಮುಚ್ಚುತ್ತಾ ಬಂದ ಎರಡು ವರ್ಷಗಳನ್ನು ನಿರ್ದೇಶಕ ಒಬ್ಬರೇ ಕ್ಯಾಮೆರಾ ಹಿಡಿದು ಚಿತ್ರಿಸಿದ್ದರು. ಒಟ್ಟು 140 ಗಂಟೆ ಫುಟೇಜ್. ಆಗಬೇಕಿದ್ದದ್ದು 80 ನಿಮಿಷದ ಚಿತ್ರ. ಅಂದರೆ ತೆರೆಗೆ ಬರುವ ಪ್ರತಿ ನಿಮಿಷಕ್ಕೆ 105 ನಿಮಿಷದ ಚಿತ್ರೀಕರಣ. ವರ್ಷಗಟ್ಟಲೆ ಹಿಂಬಾಲಿಸುವ ಚಿತ್ರಗಳಲ್ಲಿ ಇದೇನೂ ವಿಚಿತ್ರ ಅಲ್ಲ. 1994ರ ‘ಹೂಪ್ ಡ್ರೀಮ್ಸ್’ ಮೂರು ಗಂಟೆಗೆ ಸ್ವಲ್ಪ ಕಡಿಮೆ ಉದ್ದದ ಚಿತ್ರ. ಅದಕ್ಕೆ ಸುಮಾರು 250 ಗಂಟೆ ಚಿತ್ರಿಸಿದ್ದರು.

ಒಪ್ಪಂದ ನಾಲ್ಕು ತಿಂಗಳಿಗೆ, ಒಟ್ಟಾರೆ ಇಷ್ಟು ಅಂತ ಒಂದು ಮೊತ್ತಕ್ಕೆ ಆಗಿತ್ತು. ಮುಗಿದ ಚಿತ್ರದ ಹತ್ತು ನಿಮಿಷಕ್ಕೆ ಸುಮಾರು ಒಂದು ತಿಂಗಳ ಸಂಕಲನ ಅನ್ನುವುದು ಸಾಕ್ಷ್ಯಚಿತ್ರ ಎಡಿಟರ್‌ಗಳ ನಡುವೆ ಓಡಾಡುವ ಅಂದಾಜು. ಆ ಲೆಕ್ಕದಲ್ಲಿ ಎಂಟು ತಿಂಗಳು ಬೇಕು. ದಿನಕ್ಕೆ ಆರು ಗಂಟೆಯಂತೆ ಸುಮ್ನೆ ನೋಡುತ್ತಾ ಹೋದರೂ 140 ಗಂಟೆಗೆ 23 ದಿನ ದಾಟುತ್ತದೆ. ನಿಲ್ಲಿಸಿ ಟಿಪ್ಪಣಿ ಮಾಡಿಕೊಂಡರೆ ಅದರ ದುಪ್ಪಟ್ಟು. ಸಹಿ ಹಾಕುವಾಗ ಈ ಲೆಕ್ಕ ಯಾರೂ ಹಾಕಿರಲಿಲ್ಲ. ಮುಂದೆ ಆದ ಬಹುಪಾಲು ಎಡವಟ್ಟಿನ ಬೇರು ಇಲ್ಲೇ ಇದೆ ಅಂತ ನನ್ನ ಅನಿಸಿಕೆ.

ಕಾಗದದ ಮೇಲಿನ ಚಿತ್ರ

ಸಮಯ ಉಳಿಸಲು ನಿರ್ದೇಶಕ ಪೇಪರ್ ಎಡಿಟ್ ಮಾಡಿಕೊಂಡೇ ಬಂದಿದ್ದರು. ಸಂದರ್ಶನಗಳನ್ನೆಲ್ಲ ಅಕ್ಷರಕ್ಕೆ ಇಳಿಸಿ, ಬೇಕಾದ ಸಾಲುಗಳನ್ನು ಆರಿಸಿ, ಚಿತ್ರದ ಕ್ರಮದಲ್ಲಿ ಕಾಗದದ ಮೇಲೆ ಜೋಡಿಸುವ ವಿಧಾನ ಇದು. ಪ್ರತಿ ಸಾಲಿನ ಪಕ್ಕ ಟೈಮ್‌ಕೋಡ್, ಅಂದರೆ ಅದು ಕ್ಲಿಪ್‌ನಲ್ಲಿ ಎಲ್ಲಿದೆ ಅಂತ ತೋರಿಸುವ ಅಂಕಿ, ಇರುತ್ತದೆ. ಎಡಿಟರ್ ಅದನ್ನು ನೋಡಿ ಕ್ಲಿಪ್‌ಗಳನ್ನು ಟೈಮ್‌ಲೈನ್‌ಗೆ (ಕಂಪ್ಯೂಟರ್‌ನಲ್ಲಿ ಕ್ಲಿಪ್ ಜೋಡಿಸುವ ಸಾಲಿಗೆ) ಎಳೆದು ಹಾಕುತ್ತಾ ಹೋಗಬಹುದು. ನಿರ್ದೇಶಕ ಮೂರು ಭಾಗ ಮಾಡಿದ್ದರು: ಯಂತ್ರ, ಮನೆ, ಹಣ. ಎರಡು ವರ್ಷದ ಮಾತೆಲ್ಲ ಈ ಮೂರು ತಲೆಬರಹಗಳ ಕೆಳಗೆ ಹಂಚಿಹೋಗಿತ್ತು.

ಪೇಪರ್ ಎಡಿಟ್ ಬಗ್ಗೆ ನನಗೆ ತಕರಾರಿಲ್ಲ. 140 ಗಂಟೆ ಇರುವಾಗ ಎಲ್ಲಿಂದಾದರೂ ಶುರು ಮಾಡಲೇಬೇಕಲ್ವಾ? ಆದರೆ ಕಾಗದದಲ್ಲಿ ದನಿ ಇರುವುದಿಲ್ಲ. ಮಾತಾಡುವ ಮುಂಚೆ ಎಷ್ಟು ಹೊತ್ತು ಸುಮ್ಮನಿದ್ದರು ಅನ್ನುವುದು ಇರುವುದಿಲ್ಲ. ಇಲ್ಲಿ ಇನ್ನೂ ಎರಡು ಕೊರತೆ ಇತ್ತು. ಉದ್ದದ ಉತ್ತರಗಳ ನಡುವಿನ ಭಾಗಕ್ಕೆ ಚುಕ್ಕಿ ಹಾಕಿ ಬಿಟ್ಟಿದ್ದರು. ಯಾವ ಮಾತು ಯಾವ ತಾರೀಕಿನದು ಅನ್ನುವುದನ್ನು ಎಲ್ಲೂ ಬರೆದಿರಲಿಲ್ಲ. ಟೈಮ್‌ಕೋಡ್ ಕ್ಲಿಪ್‌ನ ಒಳಗಿನ ಜಾಗ ಹೇಳುತ್ತದೆಯೇ ಹೊರತು ಮನುಷ್ಯರ ಬದುಕಿನ ಯಾವ ತಿಂಗಳು ಅಂತ ಹೇಳುವುದಿಲ್ಲ.

ಆ ಒಂದು ವಾಕ್ಯ

ಹಿಂದೊಮ್ಮೆ ಸಾಲ ಮಾಡಿ ಒಂದು ಮೆಷಿನ್ ತರುವ ಮಾತಿತ್ತು, ತಂದಿರಲಿಲ್ಲ. ರಫ್ ಕಟ್‌ನ ನಡುಭಾಗದಲ್ಲಿ ಅಣ್ಣ ಅದರ ಬಗ್ಗೆ ಹೀಗೆ ಹೇಳುತ್ತಿದ್ದರು: “ಆ ಮೆಷಿನ್ ತಮ್ಮನಿಗೆ ಬೇಡವಾಗಿತ್ತು. ಅದಕ್ಕೇ ಬಾಗಿಲು ಹಾಕಬೇಕಾಯ್ತು.”

ಮೊದಲ ವಾಕ್ಯಕ್ಕೆ ಅವರ ಮುಖ ತೆರೆಯ ಮೇಲಿತ್ತು. ಎರಡನೆಯದು ಶುರುವಾಗುವ ಮುಂಚೆ ಚಿತ್ರ ಕತ್ತರಿಸಿ, ತಮ್ಮನು ಶಾಯಿ ಮೆತ್ತಿದ ಕೈ ತೊಳೆಯುವ ದೃಶ್ಯ ಬರುತ್ತಿತ್ತು. ಇಂಥ ಕಟ್‌ಅವೇ ಬಂದರೆ ಕೆಳಗೆ ಧ್ವನಿಯಲ್ಲಿ ಜೋಡಣೆ ಇದ್ದರೂ ಗೊತ್ತಾಗುವುದಿಲ್ಲ. ಪಕ್ಕದ ಶಾಟ್ ಬದಲಾದರೆ ಅದೇ ಮುಖದ ಅರ್ಥ ಬದಲಾಗುತ್ತದೆ ಎಂದು ರಷ್ಯಾದ ಚಿತ್ರ ನಿರ್ದೇಶಕ ಕುಲೆಶೊವ್ ನೂರು ವರ್ಷದ ಹಿಂದೆಯೇ ತೋರಿಸಿದ್ದರು. ಇಲ್ಲೂ ಅದೇ ಆಯಿತು. ಸುಮ್ಮನೆ ಕೈ ತೊಳೆಯುತ್ತಿದ್ದ ತಮ್ಮ ಏನೋ ತಪ್ಪು ಮಾಡಿದವರ ಹಾಗೆ ಕಂಡರು.

ಪ್ರದರ್ಶನಕ್ಕೆ ಹತ್ತು ಹನ್ನೆರಡು ಜನ ಬಂದಿದ್ದರು. ಆ ಜಾಗಕ್ಕೆ ಬಂದಾಗ ಇಡೀ ಕೋಣೆ ಒಮ್ಮೆ ಉಸಿರೆಳೆದುಕೊಂಡಿತು. ಹೆಚ್ಚಿನವರು ಚೀಟಿಯಲ್ಲಿ ಅದನ್ನೇ ಬರೆದರು. ಟ್ರೇಲರ್‌ನಲ್ಲಿ ಇದು ಇರಲೇಬೇಕು ಅಂದರು ನಿರ್ಮಾಪಕರು. ನಾನು ಬರೆದುಕೊಟ್ಟದ್ದು ಬೇರೆ ವಿಷಯ: ಒಂದು ದೃಶ್ಯದಲ್ಲಿ ಮೊಳೆ ಪೆಟ್ಟಿಗೆಗಳ ಚರಣಿಗೆ ತುಂಬಿದೆ, ಮುಂದಿನದರಲ್ಲಿ ಅರ್ಧ ಖಾಲಿ, ಆಮೇಲೆ ಮತ್ತೆ ತುಂಬಿದೆ. ನಾವು ಯಾವ ಕಾಲದಲ್ಲಿದ್ದೇವೆ ಅಂತ ತಿಳಿಯುತ್ತಿಲ್ಲ.

ಸದ್ದು ಕೊಟ್ಟ ಸುಳಿವು

ಜೋಡಣೆಯನ್ನು ಹಿಡಿದುಕೊಟ್ಟದ್ದು ಧ್ವನಿ. ಮೊದಲ ವಾಕ್ಯದ ಹಿಂದೆ ತಗಡಿನ ಮೇಲೆ ಮಳೆ ಬೀಳುವ ಸದ್ದಿತ್ತು. ಎರಡನೆಯದರ ಹಿಂದೆ ಫ್ಯಾನ್ ಗುಂಯ್‌ಗುಡುತ್ತಿತ್ತು. ಇಂಥ ಕಡೆ ರೂಮ್ ಟೋನ್ ಹಾಕಿ ಸರಿದೂಗಿಸುತ್ತಾರೆ. ಯಾರೂ ಮಾತಾಡದ ಹೊತ್ತಿನಲ್ಲಿ ಕೋಣೆಯ ಖಾಲಿ ಸದ್ದನ್ನು ಅರ್ಧ ನಿಮಿಷವೋ ಒಂದು ನಿಮಿಷವೋ ರೆಕಾರ್ಡ್ ಮಾಡಿಟ್ಟುಕೊಂಡು ಬಳಸುವುದು. ಫ್ಯಾನ್ ಇದ್ದ ದಿನದ ಟೋನ್ ಇರಲಿಲ್ಲ. ಆ ಉತ್ತರದ ಆಚೀಚೆ ಯಾರೂ ಮಾತಾಡದ ಒಂದೆರಡು ಸೆಕೆಂಡ್ ಸಿಗಬಹುದೇ ಎಂದು ಎಡಿಟರ್ ಮೂಲ ಕ್ಲಿಪ್ ತೆರೆದರು. ಹುಡುಕುತ್ತಾ ಹುಡುಕುತ್ತಾ ಇಡೀ ಉತ್ತರ ಕೇಳಿಸಿಕೊಂಡರು.

ಮಳೆಯ ದಿನ ಅಣ್ಣ ಹೇಳಿದ್ದು ಇದು: “ಆ ಮೆಷಿನ್ ತಮ್ಮನಿಗೆ ಬೇಡವಾಗಿತ್ತು. ತಂದಿದ್ರೆ ಇವತ್ತು ನಮ್ಮ ಕಥೆ ಬೇರೆ ಇರ್ತಿತ್ತು.”

ಫ್ಯಾನ್ ತಿರುಗುತ್ತಿದ್ದ ದಿನ, ಎಂಟು ತಿಂಗಳಾದ ಮೇಲೆ, ಅದೇ ಮೆಷಿನ್ ಬಗ್ಗೆ ಕೇಳಿದಾಗ ಹೇಳಿದ್ದು ಇದು: “ತರದೇ ಇದ್ದಿದ್ದೇ ಒಳ್ಳೇದಾಯ್ತು ಬಿಡಿ. ಅವನು ತಡೆದ. ಇಲ್ದಿದ್ರೆ ಸಾಲ ತಲೆ ಮೇಲೆ ಇರ್ತಿತ್ತು. ಈಗ ಮೊಳೆ ಎರಕ ಹೊಯ್ಯೋರೇ ಇಲ್ಲ. ಹಳೇದು ಸವೆದ್ರೆ ಹೊಸದು ಎಲ್ಲಿಂದ ತರೋದು? ಅದಕ್ಕೇ ಬಾಗಿಲು ಹಾಕಬೇಕಾಯ್ತು.”

ತಮ್ಮನನ್ನು ದೂರಲು ಬಳಸಿದ ವಾಕ್ಯವನ್ನು ಕಿತ್ತುಕೊಂಡದ್ದು ತಮ್ಮನೇ ಸರಿ ಅಂದ ಉತ್ತರದಿಂದ. ಯಾರೂ ಬೇಕಂತ ಮಾಡಿದ್ದಲ್ಲ. ಕಾಗದದ ಮೇಲೆ ಎರಡೂ ಸಾಲು ‘ಮನೆ’ ಅನ್ನುವ ತಲೆಬರಹದ ಕೆಳಗೆ ಅಕ್ಕಪಕ್ಕ ಬಂದಿದ್ದವು, ನಡುವಿನದು ಚುಕ್ಕಿಯಾಗಿತ್ತು.

ನಿರ್ದೇಶಕರ ಜೊತೆ

ಎಡಿಟರ್ ಹೇಳಿದಾಗ ನಿರ್ದೇಶಕ ಮೊದಲು ಒಪ್ಪಲಿಲ್ಲ. “ಮಾತೆಲ್ಲ ಅವರದ್ದೇ ಅಲ್ವಾ? ನಾವೇನು ಬರೆದುಕೊಟ್ಟಿಲ್ಲವಲ್ಲ” ಅಂದರು. “ಮಾತು ಅವರದ್ದೇ ಸರ್. ಆದರೆ ಹೀಗಂತ ಅವರು ಯಾವತ್ತೂ ಹೇಳಿಲ್ಲ” ಅಂದರು ಈಕೆ.

ನಿರ್ದೇಶಕರ ವಾದದಲ್ಲಿ ತಿರುಳೇ ಇಲ್ಲ ಅನ್ನಲಾರೆ. ಮೊದಲ ವರ್ಷ ಕ್ಯಾಮೆರಾ ಬಂದ್ ಆಗಿದ್ದಾಗ ಅಣ್ಣ ಇದಕ್ಕಿಂತ ಕಟುವಾಗಿ ಮಾತಾಡಿದ್ದನ್ನು ಅವರು ಕಿವಿಯಾರೆ ಕೇಳಿದ್ದರು. ಅವರಿಗೆ ಆ ಜೋಡಣೆ ಸುಳ್ಳಾಗಿ ಕಾಣಲಿಲ್ಲ, ತಾವು ಕಂಡದ್ದರ ಸಾರಾಂಶವಾಗಿ ಕಂಡಿತು. ಚಿತ್ರೀಕರಣಕ್ಕೆ ಹೋದವರಿಗೂ ಎಡಿಟರ್‌ಗೂ ಇರುವ ವ್ಯತ್ಯಾಸವೇ ಇದು. ಹೋದವರ ತಲೆಯಲ್ಲಿ ಫುಟೇಜ್‌ನಲ್ಲಿ ಇಲ್ಲದ್ದೂ ಇರುತ್ತದೆ. ಎಡಿಟರ್‌ಗೆ ನೋಡುಗರಿಗಿಂತ ಜಾಸ್ತಿ ಗೊತ್ತಿರುವುದು ಫುಟೇಜ್ ಮಾತ್ರ.

ಎಡಿಟರ್ ವಾದ ಮುಂದುವರಿಸಲಿಲ್ಲ. ಒಂದು ಹೊಸ ಟೈಮ್‌ಲೈನ್ ಮಾಡಿದರು. ಅದರಲ್ಲಿ ಮೊದಲು ಜೋಡಿಸಿದ ವಾಕ್ಯ. ಆಮೇಲೆ ಮಳೆಯ ದಿನದ ಉತ್ತರ ಪೂರ್ತಿ. ಆಮೇಲೆ ಫ್ಯಾನಿನ ದಿನದ್ದು ಪೂರ್ತಿ. ಕಟ್‌ಅವೇ ಇಲ್ಲ, ಸಂಗೀತ ಇಲ್ಲ. ನಿರ್ದೇಶಕರನ್ನು ಕೂರಿಸಿ ತೋರಿಸಿದರು. ನನ್ನ ಪ್ರಕಾರ ಈ ಪ್ರಕರಣದ ತಿರುವು ಇದೇ. ನೀತಿಯ ಬಗ್ಗೆ ಇಬ್ಬರು ಎಷ್ಟು ಹೊತ್ತು ಬೇಕಾದರೂ ಮಾತಾಡಬಹುದು. ಮೂರು ತುಣುಕು ಒಂದರ ಹಿಂದೆ ಒಂದು ಓಡಿದಾಗ ಮಾತು ಬೇಕಾಗಲಿಲ್ಲ. ನಿರ್ದೇಶಕ ಒಂದು ವಾರ ಸಮಯ ಕೇಳಿದರು. ಅಷ್ಟರವರೆಗೆ ವಾಕ್ಯ ತೆಗೆದಿಡೋಣ ಅಂದರು.

ತೆಗೆದ ಮೇಲೆ

ತೆಗೆದ ಕೂಡಲೇ ಚಿತ್ರದ ನಡು ಕುಸಿಯಿತು. ಅಲ್ಲಿಯವರೆಗಿನ ಸನ್ನಿವೇಶಗಳೆಲ್ಲ ಆ ಒಂದು ಆರೋಪಕ್ಕೆ ಕಾಯುತ್ತಾ ನಿಂತಿದ್ದವು, ಆಮೇಲಿನವು ಅದರ ಬಲದ ಮೇಲೆ ಓಡುತ್ತಿದ್ದವು. ಯಂತ್ರದ ಸದ್ದು ಜಾಸ್ತಿ ಮಾಡಿ ನೋಡಿದರು, ಸಂಗೀತ ಸೇರಿಸಿದರು. ಪ್ರಯೋಜನ ಆಗಲಿಲ್ಲ.

ನಿರ್ದೇಶಕ ನಿರೂಪಣೆ ಬರೆದು ತಂದರು. ಅಚ್ಚುಕೂಟಗಳು ಯಾಕೆ ಮುಚ್ಚಿದವು, ಮೊಳೆ ಹೊಯ್ಯುವ ಕಸುಬು ಹೇಗೆ ನಿಂತಿತು ಅಂತೆಲ್ಲ ವಿವರಿಸುವ ದನಿ. ಮಾಹಿತಿ ಸರಿಯಾಗೇ ಇತ್ತು. ಆದರೆ ಅಲ್ಲಿಯವರೆಗೆ ಆ ಇಬ್ಬರ ಜೊತೆ ಇದ್ದ ನಾವು ಪಾಠ ಕೇಳಲು ಕೂತ ಹಾಗಾಯಿತು. ಎರಡು ದಿನದಲ್ಲಿ ಅದನ್ನೂ ಕೈಬಿಟ್ಟರು. ‘ಎಂಟು ತಿಂಗಳ ನಂತರ’ ಎಂಬ ಅಕ್ಷರ ತೆರೆಯ ಮೇಲೆ ಹಾಕಿ ಎರಡು ಉತ್ತರಗಳನ್ನು ಅಕ್ಕಪಕ್ಕ ಇಟ್ಟೂ ನೋಡಿದರು. ಪ್ರಾಮಾಣಿಕವಾಗಿತ್ತು, ಜೀವ ಇರಲಿಲ್ಲ. ಎಂಟು ತಿಂಗಳು ಅಂತ ಓದಿದರೆ ಸಾಲದು, ಅದು ಕಳೆದದ್ದು ನೋಡುಗರ ಅನುಭವಕ್ಕೆ ಬರಬೇಕು.

ಆಗ ಎಡಿಟರ್ ಮಾಡಿದ್ದು ದೊಡ್ಡ ನಿರ್ಧಾರ. ಯಂತ್ರ, ಮನೆ, ಹಣ ಅನ್ನುವ ಮೂರು ಭಾಗವನ್ನೇ ಒಡೆದರು. ಎಲ್ಲ ಕ್ಲಿಪ್‌ಗೂ ತಾರೀಕು ಬರೆದು, ತಾರೀಕಿನ ಕ್ರಮದಲ್ಲಿ ಉದ್ದಕ್ಕೆ ಸುರಿದರು. ಗಂಟೆಗಟ್ಟಲೆ ಉದ್ದದ, ಯಾರಿಗೂ ತೋರಿಸಲಾಗದ ಸಾಲು. ಒಪ್ಪಂದದ ನಾಲ್ಕು ತಿಂಗಳು ಆಗಲೇ ಮುಗಿದಿತ್ತು ಅನ್ನುವುದನ್ನೂ ನೆನಪಿಡಬೇಕು.

ಆ ಸಾಲನ್ನು ನೋಡಿದಾಗ ಚರಣಿಗೆಯ ಗೊಂದಲ ತಾನಾಗೇ ಬಗೆಹರಿಯಿತು. ಪೆಟ್ಟಿಗೆಗಳು ಒಂದೊಂದಾಗಿ ಖಾಲಿಯಾಗುತ್ತಾ ಹೋಗುತ್ತಿದ್ದವು. ಮೊದಲು ಸವೆದ ಮೊಳೆ ತೂಕಕ್ಕೆ ಹೋಯಿತು, ಆಮೇಲೆ ಚೆನ್ನಾಗಿದ್ದದ್ದೂ ಹೋಯಿತು. ಗೋಡೆಯ ಮೇಲೆ ಚರಣಿಗೆ ಇದ್ದ ಜಾಗದಲ್ಲಿ ಬಣ್ಣ ಬೇರೆ ಕಾಣತೊಡಗಿತು. ಮಾತಿನ ಪ್ರಕಾರ ವಿಂಗಡಿಸಿದಾಗ ಇದೆಲ್ಲ ಚದುರಿ, ತಪ್ಪಿನ ಹಾಗೆ ಕಂಡಿತ್ತು. ಕ್ರಮಕ್ಕೆ ಬಂದಾಗ ಇದೇ ಗಡಿಯಾರವಾಯಿತು. ಮಳೆಯ ದಿನದ ಮಾತು ತುಂಬಿದ ಚರಣಿಗೆಯ ಮುಂದೆ ಬಂತು. ಫ್ಯಾನಿನ ದಿನದ್ದು ಬರೀ ಗೋಡೆಯ ಮುಂದೆ. ಎರಡರ ನಡುವೆ ಇಪ್ಪತ್ತು ನಿಮಿಷಕ್ಕೂ ಹೆಚ್ಚಿನ ಚಿತ್ರ ಇತ್ತು, ತೆರೆಯ ಮೇಲೆ ಒಂದಕ್ಷರವೂ ಬೇಕಾಗಲಿಲ್ಲ. ಕಟ್ಟಿಕೊಂಡ ಆರೋಪ ಹೋಗಿ, ಒಬ್ಬ ಮನುಷ್ಯ ಮನಸ್ಸು ಬದಲಿಸಿಕೊಂಡದ್ದು ಉಳಿಯಿತು. ಅದು ಫುಟೇಜ್‌ನಲ್ಲಿ ಮೊದಲಿಂದಲೂ ಇತ್ತು. ಅದನ್ನು ಮುಚ್ಚಿಟ್ಟಿದ್ದದ್ದು ನಮಗೆಲ್ಲ ಇಷ್ಟವಾದ ಆ ವಾಕ್ಯವೇ.

ಎರಡನೇ ಪ್ರದರ್ಶನ

ಈ ಸಲ ಯಾರೂ ಉಸಿರೆಳೆದುಕೊಳ್ಳಲಿಲ್ಲ. ನಡುಭಾಗ ನಿಧಾನ ಅಂತ ಇಬ್ಬರು ಬರೆದರು. ಅದು ನಿಜವೂ ಹೌದು, ಆಮೇಲೆ ಸ್ವಲ್ಪ ಬಿಗಿ ಮಾಡಿದರು. ಆದರೆ ಚಿತ್ರ ಮುಗಿದ ಮೇಲೆ ಕೂತವರು ಜಗಳಕ್ಕೇ ಬಿದ್ದರು. ಅಣ್ಣ ನಿಜವಾಗಿ ತಮ್ಮನನ್ನು ಕ್ಷಮಿಸಿದರಾ, ಅಥವಾ ಬೇರೆ ದಾರಿಯಿಲ್ಲದೆ ಸಮಾಧಾನ ಮಾಡಿಕೊಂಡರಾ? ಮೊದಲ ಕಟ್ ನೋಡಿದವರಿಗೆ ಇಂಥ ಪ್ರಶ್ನೆಯೇ ಬಂದಿರಲಿಲ್ಲ. ಅವರಿಗೆ ಯಾರದ್ದು ತಪ್ಪು ಅಂತ ಹೇಳಿಯಾಗಿತ್ತು. ನಿರ್ಮಾಪಕರಿಗೆ ಮಾತ್ರ ಟ್ರೇಲರ್‌ನ ವಾಕ್ಯ ಹೋಯಿತೆಂಬ ಬೇಸರ ಉಳಿಯಿತು.

ಪಿಕ್ಚರ್ ಲಾಕ್‌ಗೆ, ಅಂದರೆ ಇನ್ನು ಕಟ್ ಬದಲಿಸುವುದಿಲ್ಲ ಅನ್ನುವ ಹಂತಕ್ಕೆ, ಮುಂಚೆ ಅಣ್ಣತಮ್ಮಂದಿರಿಗೆ ತೋರಿಸಬೇಕಾ ಅನ್ನುವ ಚರ್ಚೆ ಆಯಿತು. ತೋರಿಸಿದರೆ ಕತ್ತರಿ ಅವರ ಕೈಗೆ ಹೋಗುತ್ತದೆ ಅನ್ನುವವರಿದ್ದಾರೆ. ಹಾಗೇನೂ ಇಲ್ಲ. ಚಿತ್ರದಲ್ಲಿರುವವರು ತಮ್ಮದೇ ಫುಟೇಜ್ ನೋಡುವುದು ಹೊಸದೂ ಅಲ್ಲ. 1970ರ ‘ಗಿಮ್ಮಿ ಶೆಲ್ಟರ್’ನಲ್ಲಿ ಸಂಗೀತಗಾರರು ಎಡಿಟಿಂಗ್ ಯಂತ್ರದ ಮುಂದೆ ಕೂತು ತಮ್ಮ ದೃಶ್ಯ ನೋಡುವುದೇ ಚಿತ್ರದ ಭಾಗ. ಅದರ ಸಂಕಲನ ಮಾಡಿದ ಶಾರ್ಲಟ್ ಜ್ವೆರಿನ್ ಹೆಸರು ಮೇಜ಼ಲ್ಸ್ ಸಹೋದರರ ಜೊತೆ ನಿರ್ದೇಶಕರ ಸಾಲಿನಲ್ಲೇ ಇದೆ. ಸಾಕ್ಷ್ಯಚಿತ್ರವನ್ನು ಎಡಿಟಿಂಗ್ ಟೇಬಲ್ ಮೇಲೆ ಬರೆಯುತ್ತಾರೆ ಅನ್ನುವುದನ್ನು ಒಪ್ಪಿ ಹೆಸರು ಹಾಕುವವರು ಇವತ್ತಿಗೂ ಕಮ್ಮಿ.

ಕೊನೆಗೆ ತೋರಿಸಿದರು. ಅಣ್ಣ ಮಾತಾಡಲಿಲ್ಲ. ತಮ್ಮ ಕೇಳಿದ್ದು ಒಂದೇ: ಒಂದು ಶಾಟ್‌ನಲ್ಲಿ ಗಿರಾಕಿಯೊಬ್ಬರ ಮದುವೆ ಕರೆಯೋಲೆಯ ಕರಡು ಕಾಣುತ್ತದೆ, ಅದರಲ್ಲಿ ಫೋನ್ ನಂಬರ್ ಇದೆ, ಅದನ್ನು ಅಳಿಸಿ. ಅಷ್ಟು ಜನ ಅಷ್ಟು ಸಲ ನೋಡಿದ್ದರೂ ಅದು ಯಾರ ಕಣ್ಣಿಗೂ ಬಿದ್ದಿರಲಿಲ್ಲ. ಕರಡು ತಿದ್ದುವುದು ಅವರ ಕಸುಬು, ಕಣ್ಣು ಅಲ್ಲಿಗೇ ಹೋಗಿತ್ತು.

ವೃತ್ತಿಯ ಲೆಕ್ಕ

ನಾಲ್ಕು ತಿಂಗಳ ಕೆಲಸ ಒಂಬತ್ತಕ್ಕೆ ಹೋಯಿತು. ಮೊತ್ತ ಬದಲಾಗಲಿಲ್ಲ. ಎಡಿಟರ್ ಹಗಲು ಚಿತ್ರ, ರಾತ್ರಿ ಪ್ರೋಮೋ ಮಾಡಿ ಮನೆ ನಡೆಸಿದರು. ಇದನ್ನು ತ್ಯಾಗ ಅಂತ ಹೊಗಳುವುದು ನನಗೆ ಇಷ್ಟವಿಲ್ಲ. ಎಚ್ಚರದಿಂದ ಕಿವಿಗೊಡಬೇಕಾದ ಕೆಲಸವನ್ನು ನಿದ್ದೆಗೆಟ್ಟವರ ಕೈಗೆ ಕೊಟ್ಟರೆ ಮಳೆ ಸದ್ದು ಯಾವುದು, ಫ್ಯಾನ್ ಸದ್ದು ಯಾವುದು ಅಂತ ಯಾರಿಗೆ ಕೇಳಿಸುತ್ತದೆ? ಅವಸರದ ಒಪ್ಪಂದವೇ ಅವಸರದ ಜೋಡಣೆ ಹುಟ್ಟಿಸುವುದು.

ಆಮೇಲಿನ ಒಪ್ಪಂದಗಳಲ್ಲಿ ಆಕೆ ವಾರದ ಲೆಕ್ಕದಲ್ಲಿ ಸಂಭಾವನೆ ಕೇಳುತ್ತಾರೆ. ಫುಟೇಜ್ ಪೂರ್ತಿ ನೋಡುವ ಸಮಯ ಬೇರೆಯಾಗಿ ಬರೆಸುತ್ತಾರೆ. ಎಷ್ಟು ಸುತ್ತಿನ ಬದಲಾವಣೆ ಎಂದು ನಮೂದಿಸುತ್ತಾರೆ. ಈ ಷರತ್ತುಗಳಿಂದ ಕೆಲವು ಕೆಲಸ ಕೈತಪ್ಪಿವೆ. ಈ ಚಿತ್ರದ ನಿರ್ದೇಶಕರೂ ಮುಂದಿನ ಚಿತ್ರಕ್ಕೆ ಬೇರೆಯವರನ್ನು ಕರೆದರು. ಸಿಟ್ಟಿನಿಂದ ಅಲ್ಲ, ಬೇಗ ಮುಗಿಯಬೇಕಿತ್ತು ಅಷ್ಟೇ.

ಕೆಲಸದ ಪದ್ಧತಿಯಲ್ಲೂ ಎರಡು ಬದಲಾವಣೆ ಆಗಿದೆ. ಅವರ ಟ್ರಾನ್ಸ್‌ಕ್ರಿಪ್ಟ್‌ನಲ್ಲಿ ಈಗ ಟೈಮ್‌ಕೋಡ್ ಪಕ್ಕ ತಾರೀಕಿಗೂ ಒಂದು ಕಾಲಂ ಇರುತ್ತದೆ, ಚುಕ್ಕಿ ಹಾಕಿ ಬಿಡುವ ಹಾಗಿಲ್ಲ. ಎರಡು ಬೇರೆ ದಿನದ ಧ್ವನಿ ಒಂದೇ ಉತ್ತರದಲ್ಲಿ ಸೇರಿದ್ದರೆ ಟೈಮ್‌ಲೈನ್‌ನಲ್ಲಿ ಆ ಕ್ಲಿಪ್‌ಗಳಿಗೆ ಬೇರೆ ಬಣ್ಣ. ಲಾಕ್ ಮಾಡುವ ಮುಂಚೆ ಆ ಬಣ್ಣದವನ್ನಷ್ಟೇ ಆರಿಸಿ, ಮೂಲ ಉತ್ತರಗಳ ಪಕ್ಕ ಇಟ್ಟು ನಿರ್ದೇಶಕರ ಜೊತೆ ಕೇಳುತ್ತಾರೆ. ಅವರು ಮಾತು ಜೋಡಿಸುವುದನ್ನು ಬಿಟ್ಟಿಲ್ಲ. ಬಿಟ್ಟರೆ ಸಾಕ್ಷ್ಯಚಿತ್ರವೇ ಆಗದು. ಕೇಳುವ ಪ್ರಶ್ನೆ ಇಷ್ಟೇ: ಈ ಜೋಡಣೆಯನ್ನು ಮಾತಾಡಿದವರ ಎದುರಿಗೆ ಹಾಕಿದರೆ, ಹೌದು ನಾನು ಹೇಳಿದ್ದು ಇದೇ ಅನ್ನುತ್ತಾರಾ?

ಚಿಕ್ಕ ಆವೃತ್ತಿ

ಟಿವಿಗೆ 52 ನಿಮಿಷದ ಆವೃತ್ತಿ ಬೇಕಾಯಿತು. ಒಂದು ಗಂಟೆಯ ಕಾರ್ಯಕ್ರಮದಲ್ಲಿ ಜಾಹೀರಾತಿಗೆ ಜಾಗ ಬಿಟ್ಟು ಕೂರಿಸುವ ಮಾಮೂಲಿ ಅಳತೆ ಅದು. ಬೇರೊಬ್ಬ ಎಡಿಟರ್ ಮಾಡಿದರು. ನಮ್ಮ ಮೊದಲ ಎಡಿಟರ್ ಕೈಗೆ ನೋಡಲು ಬಂದಾಗ ಹಳೇ ವಾಕ್ಯ ವಾಪಸ್ ಬಂದಿತ್ತು! ಹಳೇ ಟೈಮ್‌ಲೈನ್ ಪ್ರಾಜೆಕ್ಟ್‌ನಲ್ಲೇ ಉಳಿದಿತ್ತು. ಹೊಸಬರಿಗೆ ಅದರ ಕಥೆ ಯಾರೂ ಹೇಳಿರಲಿಲ್ಲ, ಅವರಿಗೂ ಅದು ಚೆನ್ನಾಗೇ ಕಂಡಿತ್ತು.

ಈ ಸಲ ನಿರ್ದೇಶಕರೇ ಬೇಡ ಅಂದರು. ಆದರೆ ಮನಸ್ಸು ಬದಲಾಗುವುದನ್ನು ತೋರಿಸುವಷ್ಟು ಸಮಯ 52 ನಿಮಿಷದಲ್ಲಿ ಸಿಗಲಿಲ್ಲ. ಮಳೆಯ ದಿನದ ಮಾತನ್ನು ಬಿಟ್ಟು, ಫ್ಯಾನಿನ ದಿನದ ಉತ್ತರ ಒಂದನ್ನೇ ಉಳಿಸಿಕೊಂಡರು. ಅಲ್ಲಿ ಅಣ್ಣ ಶುರುವಿನಿಂದಲೂ ತಮ್ಮನ ಪರ ಇದ್ದವರ ಹಾಗೆ ಕಾಣುತ್ತಾರೆ. ಇದರಿಂದ ಯಾರಿಗೂ ಅನ್ಯಾಯ ಆಗಿಲ್ಲ, ಚಿಕ್ಕ ಆವೃತ್ತಿ ಅಂದಮೇಲೆ ಏನಾದರೂ ಬಿಡಲೇಬೇಕು ಅನ್ನುವುದು ನನ್ನ ವಾದ. ಅಣ್ಣನ ಸಿಟ್ಟನ್ನು ತೆಗೆದುಹಾಕಿ ಅವರನ್ನು ಒಳ್ಳೆಯವರನ್ನಾಗಿ ಮಾಡಿದ್ದೂ ಅಂಥದ್ದೇ ಜೋಡಣೆ ಅನ್ನುತ್ತಾರೆ ಆಕೆ. ಆ ಆವೃತ್ತಿಯ ಟೈಟಲ್ ಕಾರ್ಡ್‌ನಲ್ಲಿ ತಮ್ಮ ಹೆಸರು ಬೇಡ ಎಂದು ಬರೆದುಕೊಟ್ಟರು. ನಿರ್ಮಾಪಕರು ಹೆಸರು ತೆಗೆದರು.